ದುಡ್ಡು ಹಾಕೋದಷ್ಟೇ ಅಲ್ಲ: ಇಂಡೋನೇಷ್ಯಾದ ಮೀರಾ ಲೆಸ್ಮಾನಾ

ನಮ್ಮಲ್ಲಿ ನಿರ್ಮಾಪಕರು ಅಂದ್ರೆ ಅನ್ನದಾತರು. ಮುಹೂರ್ತದ ದಿನ ಹಾರ ಹಾಕುತ್ತೇವೆ, ಆಮೇಲೆ ಮರೆತೇಬಿಡುತ್ತೇವೆ. ಮೀರಾ ಲೆಸ್ಮಾನಾ ನನಗೆ ಇಷ್ಟವಾಗುವುದು ಇದಕ್ಕೇ, ಈ ಸಿನಿಮಾ ಯಾರು ನೋಡ್ತಾರೆ ಅನ್ನೋ ಪ್ರಶ್ನೆಯಿಂದ ಶುರು ಮಾಡುವ ನಿರ್ಮಾಪಕಿ ಇವರು.

ಹುಟ್ಟಿದ್ದು 1964ರಲ್ಲಿ, ಜಕಾರ್ತಾದಲ್ಲಿ. ಅಪ್ಪ ಜಾಕ್ ಲೆಸ್ಮಾನಾ ಹೆಸರಾಂತ ಜಾಝ್ ಗಿಟಾರ್ ವಾದಕ. 1995ರಲ್ಲಿ ಮೀರಾ ತಮ್ಮ ನಿರ್ಮಾಣ ಸಂಸ್ಥೆ ಮೈಲ್ಸ್ ಫಿಲ್ಮ್ಸ್ ಶುರು ಮಾಡಿದಾಗ ಅಲ್ಲಿನ ಚಿತ್ರರಂಗ ನೆಲಕಚ್ಚಿತ್ತು. ಥಿಯೇಟರ್ ತುಂಬಾ ಹಾಲಿವುಡ್, ಮನೆಯಲ್ಲಿ ಟಿವಿ ಧಾರಾವಾಹಿ. ಅಧ್ಯಕ್ಷ ಸುಹಾರ್ತೋ ಕಾಲದ ನಿಯಮದಂತೆ ನಿರ್ದೇಶಕರಾಗಬೇಕಾದರೆ ಸಿನಿಮಾ ಕೆಲಸಗಾರರ ಸಂಘದ ಮೆಟ್ಟಿಲು ಒಂದೊಂದಾಗಿ ಹತ್ತಬೇಕಿತ್ತು. ಮೀರಾ, ರಿರಿ ರಿಝಾ, ನಾನ್ ಅಖ್ನಾಸ್, ರಿಝಾಲ್ ಮಾಂಟೊವಾನಿ ನಾಲ್ಕೂ ಜನ ಅದನ್ನೆಲ್ಲ ಪಕ್ಕಕ್ಕಿಟ್ಟು ಸದ್ದಿಲ್ಲದೆ 'ಕುಲ್ಡೆಸಾಕ್' ಅನ್ನೋ ಸಿನಿಮಾ ಮಾಡಿದರು. 1998ರ ಕೊನೆಗೆ ಅದು ತೆರೆಗೆ ಬರುವಷ್ಟರಲ್ಲಿ ಸುಹಾರ್ತೋನೇ ಕುರ್ಚಿ ಬಿಟ್ಟಾಗಿತ್ತು!

ಮುಂದಿನದು ನಿಜವಾದ ಧೈರ್ಯ. 2000ದಲ್ಲಿ ಮಕ್ಕಳ ಹಾಡು-ಕುಣಿತದ ಸಿನಿಮಾ, 'ಪೆತುವಾಲಾಂಗನ್ ಶೆರಿನಾ'. ಕಿಡ್ನ್ಯಾಪರ್‌ಗಳಿಂದ ತಪ್ಪಿಸಿಕೊಂಡ ಎರಡು ಮಕ್ಕಳು ಬಾಂಡುಂಗ್ ಹತ್ತಿರದ ಬೋಸ್ಖಾ ವೀಕ್ಷಣಾಲಯದ ದೊಡ್ಡ ಟೆಲಿಸ್ಕೋಪ್ ಇರುವ ಜಾಗ ಸೇರುತ್ತಾರೆ. ಮಕ್ಕಳಿಗೆ ಇದಕ್ಕಿಂತ ಇನ್ನೇನು ಬೇಕು, ಅಲ್ವಾ? 2002ರಲ್ಲಿ ಹೈಸ್ಕೂಲ್ ಹುಡುಗರ ಸರದಿ: 'ಅಡಾ ಅಪಾ ದೆಂಗನ್ ಚಿಂತಾ?'. ಕವಿ ಖೈರಿಲ್ ಅನ್ವರ್ ಕುರಿತ ಪುಸ್ತಕವೊಂದನ್ನು ಹುಡುಗ ಕಳೆದುಕೊಳ್ಳುತ್ತಾನೆ, ಅದು ಹುಡುಗಿ ಕೈಗೆ ಸಿಗುತ್ತದೆ, ಜಗಳ, ಪ್ರೀತಿ. ಕಥೆ ಸಣ್ಣದು, ಆದರೆ ಒಂದು ಇಡೀ ತಲೆಮಾರು ಅದನ್ನು ತಮ್ಮದು ಅಂದುಕೊಂಡಿತು.

ಅಲ್ಲಿ ಗೆಲುವಿನ ಲೆಕ್ಕ ಕೋಟಿಗಳಲ್ಲಲ್ಲ, ಎಷ್ಟು ಜನ ಟಿಕೆಟ್ ತಗೊಂಡರು ಅನ್ನೋದರಲ್ಲಿ. ನನಗಂತೂ ಇದೇ ಸರಿ ಅನ್ನಿಸುತ್ತದೆ. 2008ರ 'ಲಾಸ್ಕರ್ ಪೆಲಾಂಗಿ' ನೋಡಿದವರು 46 ಲಕ್ಷಕ್ಕೂ ಹೆಚ್ಚು, ಆಗಿನ ದಾಖಲೆ. ತವರದ ಗಣಿಗಳಿರುವ ಬೆಲಿತುಂಗ್ ದ್ವೀಪದ ಬಡ ಶಾಲೆಯ ಕಥೆ. ಮೊದಲ ದಿನ 10 ಮಕ್ಕಳು ಸೇರದಿದ್ದರೆ ಶಾಲೆಗೆ ಬೀಗ. 9 ಜನ ಬಂದು ಕೂತಿದ್ದಾರೆ, ಮೇಷ್ಟ್ರು ಬಾಗಿಲಲ್ಲಿ ಕಾಯುತ್ತಿದ್ದಾರೆ, ಅಷ್ಟರಲ್ಲಿ ಹತ್ತನೆಯವನು ಬರುತ್ತಾನೆ. ನಟಿಸಿದ್ದು ಅದೇ ದ್ವೀಪದ ಮಕ್ಕಳು. ಸ್ಟಾರ್ ಮಕ್ಕಳನ್ನು ಕರೆತಂದು ಮುಖಕ್ಕೆ ಮಸಿ ಬಳಿದು ಬಡವರನ್ನಾಗಿ ಮಾಡಲಿಲ್ಲ.

'ಚಿಂತಾ', 'ಶೆರಿನಾ' ಗೆದ್ದರೂ ಅವನ್ನು ಹಿಂಡಿ ಹಿಪ್ಪೆ ಮಾಡುವ ಅವಸರ ಇವರಿಗಿರಲಿಲ್ಲ. 'ಚಿಂತಾ' ಭಾಗ 2 ಬಂದದ್ದು 2016ರಲ್ಲಿ, 'ಶೆರಿನಾ' ಭಾಗ 2 ಬಂದದ್ದು 2023ರಲ್ಲಿ. ಅದರಲ್ಲೂ ಅದೇ ಇಬ್ಬರು ಮಕ್ಕಳು, ದೊಡ್ಡವರಾಗಿ! ನಮ್ಮಲ್ಲಾಗಿದ್ದರೆ ಮೂರೇ ವಾರಕ್ಕೆ ಪೋಸ್ಟರ್ ಬಿಡುತ್ತಿದ್ದರು.

ಇನ್ನೊಂದು ವಿಷಯ ಹೇಳಲೇಬೇಕು. 2006ರಲ್ಲಿ ಇಂಡೋನೇಷ್ಯಾದ ರಾಷ್ಟ್ರೀಯ ಚಿತ್ರೋತ್ಸವದಲ್ಲಿ ಅತ್ಯುತ್ತಮ ಚಿತ್ರ ಅಂತ ಆರಿಸಿದ ಸಿನಿಮಾದಲ್ಲಿ ವಿದೇಶಿ ಚಿತ್ರಗಳ ಸಂಗೀತವನ್ನು ಅನುಮತಿ ಇಲ್ಲದೆ ಬಳಸಿದ್ದಾರೆ ಅಂತ ಗಲಾಟೆ ಎದ್ದಿತು. ಆಗ ಮೀರಾ, ರಿರಿ ಮತ್ತು ಇನ್ನೂ ಹಲವರು ಸುಮ್ನೆ ಹೇಳಿಕೆ ಕೊಟ್ಟು ಕೂರಲಿಲ್ಲ, ಅದೇ ಚಿತ್ರೋತ್ಸವದಲ್ಲಿ ಕೊಡುವ, ತಾವು ಗೆದ್ದಿದ್ದ 'ಚಿತ್ರಾ' ಪ್ರಶಸ್ತಿಗಳನ್ನೇ ವಾಪಸ್ ಕೊಟ್ಟರು. ಕೊನೆಗೆ ಆ ಚಿತ್ರದ ಪ್ರಶಸ್ತಿ ರದ್ದಾಯಿತು.