ಧಾರವಾಡದ ‘ಸಿಪಾಯಿ ಬ್ಯಾರಕ್’: ಬೋರ್ಡು ಬಿಟ್ಟು ಛಾವಣಿ ನೋಡಿ

ಹಳೆ ಸರ್ಕಾರಿ ಕಟ್ಟಡಗಳ ದಾಖಲಾತಿಗೆ ಧಾರವಾಡದಲ್ಲಿ ಇಳಿದರೆ ಮೊದಲು ಕಿವಿಗೆ ಬೀಳುವ ಮಾತು: “ಇದು ಸಿಪಾಯಿ ಬ್ಯಾರಕ್ ರೀ, 1818ರದ್ದು.” 1817-18ರ ಹೊತ್ತಿಗೆ ಪೇಶ್ವೆಯ ಕೈ ತಪ್ಪಿ ಊರು ಈಸ್ಟ್ ಇಂಡಿಯಾ ಕಂಪನಿಗೆ ಸೇರಿದ್ದು ನಿಜ. ಗೋಡೆ ಆಗಲೇ ಎದ್ದಿತು ಅನ್ನೋದಕ್ಕೆ ಅದು ಆಧಾರ ಆಗೋದಿಲ್ಲ.

ಇಲ್ಲಿ ಇರುತ್ತಿದ್ದದ್ದು ಮುಖ್ಯವಾಗಿ ದೇಶಿ ಪದಾತಿ ಪಡೆ. 1857ರಲ್ಲಿ 28ನೇ ಬಾಂಬೆ ನೇಟಿವ್ ಇನ್‌ಫಂಟ್ರಿ ಧಾರವಾಡದಲ್ಲಿತ್ತು, 27ನೆಯದು ಕೊಲ್ಹಾಪುರದಲ್ಲಿ, 29ನೆಯದು ಬೆಳಗಾವಿಯಲ್ಲಿ. ಪಕ್ಕಾ ಬ್ಯಾರಕ್ಕಿನ ಭಾಗ್ಯ ಆಗ ಗೋರಾ ಸೈನಿಕರಿಗೆ. ಸಿಪಾಯಿಗೆ ಗುಡಿಸಲು ಭತ್ಯೆ ಕೊಟ್ಟು ಸರ್ಕಾರ ಕೈತೊಳೆದುಕೊಳ್ಳುತ್ತಿತ್ತು. ಮಣ್ಣು, ಬಿದಿರು, ಹುಲ್ಲು ತಂದು ಸಾಲು ಗುಡಿಸಲು ಹಾಕಿಕೊಳ್ಳೋದು ಅವರದೇ ಪಾಡು. ಅಂಥವು ಎರಡು ಮಳೆಗಾಲ ದಾಟಿದರೆ ಹೆಚ್ಚು. ಹಾಗಾಗಿ ಕಲ್ಲಿನ ಹಳೆ ಕಟ್ಟಡ ಉಳಿದಿದ್ದರೆ ಅದು ಕ್ವಾರ್ಟರ್ ಗಾರ್ಡ್ (ಪಡೆಯ ಕಾವಲು ಕಟ್ಟೆ), ಮದ್ದಿನ ಮನೆ (ಸಿಡಿಮದ್ದಿನ ಉಗ್ರಾಣ), ಆಸ್ಪತ್ರೆ ಇವುಗಳಲ್ಲಿ ಒಂದಾಗಿರುವ ಸಾಧ್ಯತೆಯೇ ಜಾಸ್ತಿ. ಕಮಾನಿನ ಪಡಸಾಲೆ, ಹಿಂದೆ ಸರಳು ಹಾಕಿದ ಸಣ್ಣ ಖೋಲಿ ಇದ್ದರೆ ಕ್ವಾರ್ಟರ್ ಗಾರ್ಡ್. ಉಳಿದವುಗಳಿಂದ ದೂರ ಒಂಟಿಯಾಗಿ ನಿಂತು, ಗೋಡೆ ವಿಪರೀತ ದಪ್ಪ, ಗಾಳಿಕಿಂಡಿ ನೇರ ಒಳಗೆ ಹೋಗದೆ ಅಡ್ಡ ತಿರುಗಿದ್ದರೆ ಮದ್ದಿನ ಮನೆ. ಹೊರಗಿನ ಕಿಡಿ ಒಳಗೆ ಹಾರಬಾರದು ಅಂತಲೇ ಆ ತಿರುವು.

ಇನ್ನು ವಯಸ್ಸು. ಮಂಗಳೂರು ಹಂಚು ನೋಡಿದ ಕೂಡಲೇ ತೀರ್ಪು ಕೊಡಬೇಡಿ. ಬಾಸೆಲ್ ಮಿಷನ್ನಿನ ಹಂಚಿನ ಕಾರ್ಖಾನೆ ಶುರುವಾದದ್ದೇ 1865ರಲ್ಲಿ, ಆದರೆ ಹಳೆ ಗೋಡೆಯ ಮೇಲೆ ಹೊಸ ಹಂಚು ಏರಿರಬಹುದು. ಏಣಿ ಹಾಕಿ, ಟಾರ್ಚ್ ಹಿಡಿದು ಪಕಾಸಿಯ (ಛಾವಣಿ ಹೊರುವ ಇಳಿಜಾರು ಮರದ) ಮೇಲ್ಮೈ ನೋಡಿ. ಮಂಗಳೂರು ಹಂಚು ಕೂರಿಸಲು ಪಕಾಸಿಯ ಮೇಲೆ ಅಡ್ಡಲಾಗಿ ಹೊಡೆದ ಪಟ್ಟಿಗಳು ಸುಮಾರು 12ರಿಂದ 13 ಇಂಚಿಗೊಂದು ಇರುತ್ತವೆ. ಅವುಗಳ ನಡುವೆ ಮೂರ್ನಾಲ್ಕು ಇಂಚಿಗೊಂದು ಹಳೆ ಮೊಳೆ ತೂತು ಕಂಡರೆ ಮೊದಲು ಅಲ್ಲಿ ನಾಡಹಂಚು (ಊರಲ್ಲೇ ಮಾಡಿದ ಸಣ್ಣ ಹಂಚು) ಇತ್ತು, ಛಾವಣಿ ಬದಲಾಗಿದೆ. ಪಕಾಸಿಯಲ್ಲಿ ಹಳೆ ತೂತೇ ಇಲ್ಲದಿದ್ದರೆ ಮರವೂ ಹಂಚಿನ ಜೊತೆಗೇ ಬಂದಿರಬೇಕು. ಕಬ್ಬಿಣದ ತೊಲೆ ಇದ್ದರೆ ಪಕ್ಕದಲ್ಲಿ ಉಬ್ಬಕ್ಷರ ಹುಡುಕಿ: ಡಾರ್ಮನ್ ಲಾಂಗ್ ಎಂದಿದ್ದರೆ ಇಂಗ್ಲೆಂಡಿನ ಮಾಲು, ಟಾಟಾ ಎಂದಿದ್ದರೆ 1912ಕ್ಕಿಂತ ಹಿಂದಿನದಲ್ಲ.

ಗಾರೆಯ ಮಾದರಿ ತೆಗೆಯುವಾಗ ಎಡವೋದು ಜಾಗದಲ್ಲಿ. ಮೊಣಕಾಲೆತ್ತರದಲ್ಲಿ ಪ್ರತಿ ರಿಪೇರಿಯಲ್ಲೂ ಗೌಂಡಿ ಸಿಮೆಂಟ್ ಮೆತ್ತಿರುತ್ತಾನೆ. ಗೋಡೆಯ ನೆತ್ತಿ, ಪಕಾಸಿ ಕೂರುವ ಸಂದಿಯಿಂದ ತೆಗೆಯಿರಿ; ಛಾವಣಿ ಬದಲಾಗಿರದಿದ್ದರೆ ಅಲ್ಲಿಗೆ ಕರಣೆ ಹೋಗಿರೋದು ಕಡಿಮೆ. ಸುಣ್ಣದ ಗಾರೆ ಚಾಕುವಿಗೆ ಪುಡಿಯಾಗಿ ಬರುತ್ತದೆ, ಸಿಮೆಂಟು ಬೂದುಬಣ್ಣ, ಗೀರು ಬೀಳೋದು ಕಷ್ಟ. ಅಳತೆಗೆ ಅಡಿ-ಇಂಚಿನ ಟೇಪನ್ನೇ ಒಯ್ಯಿರಿ. ಗೋಡೆ 18 ಇಲ್ಲವೇ 24 ಇಂಚು ಸರಿಯಾಗಿ ಬಂದು, ನಡುವಿನ ಒಂದು ಗೋಡೆ ಮಾತ್ರ ಮೀಟರಿನಲ್ಲಿ ಹೊಂದಿದರೆ, ಅದರ ಕಲ್ಲುಗಳು ಮುಖ್ಯ ಗೋಡೆಯೊಳಗೆ ಹಲ್ಲಿನಂತೆ ಕಚ್ಚಿವೆಯೋ ಗೋಡೆ ಬರೀ ಆನಿಕೊಂಡಿದೆಯೋ ನೋಡಿ. ಆನಿಕೊಂಡಿದ್ದರೆ ಆಮೇಲೆ ಎತ್ತಿದ್ದು.

ಕಾಗದದ ಕಡೆ ಒಂದು ಎಚ್ಚರ. ಪ್ರಾಪರ್ಟಿ ಕಾರ್ಡಿನ (ನಗರದ ಆಸ್ತಿ ದಾಖಲೆಯ) ಮೊದಲ ತಾರೀಖು ಸಿಟಿ ಸರ್ವೆಯದ್ದು, ಕಟ್ಟಡದ್ದಲ್ಲ. 1956ರ ತನಕ ಧಾರವಾಡ ಮುಂಬಯಿಗೆ ಸೇರಿತ್ತು, ಹಾಗಾಗಿ ಮಿಲಿಟರಿ ಮತ್ತು ಪಿಡಬ್ಲ್ಯೂಡಿ ಫೈಲುಗಳಿಗೆ ಬೆಂಗಳೂರಿಗಿಂತ ಮೊದಲು ಮುಂಬಯಿಯ ಪತ್ರಾಗಾರಕ್ಕೆ ಬರೆಯಿರಿ. ಕಟ್ಟಡದ ಈಗಿನ ಹೆಸರಲ್ಲಿ ಕೇಳಿದರೆ ಏನೂ ಸಿಗೋದಿಲ್ಲ. ಪಡೆಯ ನಂಬರು, ವರ್ಷ ಹಾಕಿ ಕೇಳಿ.