ಫೋಮ್ ಜಾಸ್ತಿ ಹಾಕಿದರೆ ಪೆಟ್ಟು ಕಡಿಮೆಯಾಗುತ್ತದೆಯೇ?

ಅಳತೆ ಉಪಕರಣಗಳಿಗೆ ಪ್ಯಾಕಿಂಗ್ ವಿನ್ಯಾಸ ಮಾಡುವುದು ನನ್ನ ಕೆಲಸ. ಮಾಲು ಒಡೆದು ವಾಪಸ್ ಬಂದಾಗಲೆಲ್ಲ ಗ್ರಾಹಕರದ್ದು ಒಂದೇ ಬೇಡಿಕೆ: "ಇನ್ನೂ ಸ್ವಲ್ಪ ಫೋಮ್ ತುಂಬಿಬಿಡಿ." ಎಷ್ಟೋ ಸಲ ಅಲ್ಲಿ ಫೋಮ್ ಕಡಿಮೆ ಮಾಡಬೇಕಾಗಿರುತ್ತದೆ. ಇದನ್ನು ಒಪ್ಪಿಸುವುದು ವಿನ್ಯಾಸಕ್ಕಿಂತ ಕಷ್ಟ.

ಲೆಕ್ಕ ಹಾಕಿ ನೋಡಿ. 20 ಕೆ.ಜಿ. ಉಪಕರಣ, ತಳ 50 × 40 ಸೆಂ.ಮೀ. ತಳದ ತುಂಬ ಪಾಲಿಎಥಿಲೀನ್ ಫೋಮ್ ಹಾಳೆ ಹಾಸಿದರೆ ಪ್ರತಿ ಚದರ ಸೆಂಟಿಮೀಟರಿಗೆ ಬೀಳುವ ಭಾರ 10 ಗ್ರಾಂ ಮಾತ್ರ. ಪೆಟ್ಟಿಗೆ ಬಿದ್ದಾಗ ಇಷ್ಟು ಕಡಿಮೆ ಒತ್ತಡಕ್ಕೆ ಹಾಳೆ ಸರಿಯಾಗಿ ಕುಗ್ಗುವುದಿಲ್ಲ, ಹೊಡೆತವೆಲ್ಲ ಉಪಕರಣಕ್ಕೇ ಹೋಗುತ್ತದೆ. ಹಾಳೆ ತೆಗೆದು ನಾಲ್ಕು ಮೂಲೆಗೆ 10 × 10 ಸೆಂ.ಮೀ. ತುಂಡು ಇಟ್ಟರೆ ಅದೇ ಭಾರ ಚದರ ಸೆಂಟಿಮೀಟರಿಗೆ 50 ಗ್ರಾಂ ಆಗುತ್ತದೆ. ಈಗ ಫೋಮ್ ಕುಗ್ಗುತ್ತದೆ, ಉಪಕರಣ ನಿಧಾನವಾಗಿ ನಿಲ್ಲುತ್ತದೆ. ಹಾಗಂತ ತುಂಡನ್ನು ತೀರಾ ಚಿಕ್ಕದು ಮಾಡಿದರೆ ಅದು ಪೂರ್ತಿ ಚಪ್ಪಟೆಯಾಗಿ ಉಪಕರಣ ನೆಲಕ್ಕೇ ಬಡಿದ ಹಾಗಾಗುತ್ತದೆ. ಸರಿಯಾದ ಜಾಗ ಎಲ್ಲಿದೆ ಎಂದು ತಯಾರಕರು ಕೊಡುವ ಕುಷನ್ ಕರ್ವ್, ಅಂದರೆ ಚದರ ಸೆಂಟಿಮೀಟರಿಗೆ ಎಷ್ಟು ಭಾರ ಬಿದ್ದರೆ ಎಷ್ಟು ಪೆಟ್ಟು ತಾಗುತ್ತದೆ ಎಂದು ತೋರಿಸುವ ನಕ್ಷೆ, ಹೇಳುತ್ತದೆ. ಬಟ್ಟಲಿನ ಆಕಾರದ ಆ ಗೆರೆಯ ತಳಭಾಗಕ್ಕೆ ನಮ್ಮ ಲೆಕ್ಕ ಬಂದು ಕೂತರೆ ಸಾಕು. ಸಾಂದ್ರತೆ, ದಪ್ಪ, ಬೀಳುವ ಎತ್ತರ ಬದಲಾದರೆ ಗೆರೆಯೂ ಬೇರೆ.

ಇನ್ನು ಯಾವ ಬಗೆಯ ಫೋಮ್ ಎಂಬ ಪ್ರಶ್ನೆ. ಥರ್ಮಾಕೋಲ್ ತುಂಡನ್ನು ಮುರಿದು ನೋಡಿ, ಅಂಟಿಕೊಂಡ ಸಣ್ಣ ಸಣ್ಣ ಮಣಿಗಳು ಕಾಣುತ್ತವೆ. ಪೆಂಟೇನ್ ಸೇರಿಸಿದ ಪಾಲಿಸ್ಟೈರೀನ್ ಕಾಳುಗಳನ್ನು ಹಬೆಯಲ್ಲಿ ಉಬ್ಬಿಸಿ ಅಚ್ಚಿನಲ್ಲಿ ಬೆಸೆದದ್ದು ಅದು. ಸುಮಾರು ಶೇ. 98ರಷ್ಟು ಗಾಳಿಯೇ. ಅಗ್ಗ, ಹಗುರ, ಶಾಖವನ್ನೂ ಚೆನ್ನಾಗಿ ತಡೆಯುತ್ತದೆ. ಆದರೆ ಜೋರು ಪೆಟ್ಟು ಬಿದ್ದ ಕಡೆ ಮಣಿಗಳು ಜಜ್ಜಿ ಹಾಗೇ ಉಳಿಯುತ್ತವೆ. ಪೆಟ್ಟಿಗೆಯನ್ನು ಬೀಳಿಸಿ ನೋಡುವ ಡ್ರಾಪ್ ಟೆಸ್ಟಿನಲ್ಲಿ ಮೊದಲ ಸಲ ಪಾಸಾದ ಮೂಲೆ ಎರಡನೇ ಸಲ ಕೈಕೊಡುವುದು ಇದಕ್ಕೇ. ಸಾಗಣೆಯಲ್ಲಿ ಪೆಟ್ಟಿಗೆ ಒಂದೇ ಸಲ ಬೀಳುತ್ತದೆ ಅಂತ ಯಾರೂ ಬರೆದುಕೊಟ್ಟಿಲ್ಲವಲ್ಲ! ಹಲವು ಕೈ ದಾಟುವ ಮಾಲಿಗೆ ನಾನು ಪಾಲಿಎಥಿಲೀನನ್ನೇ ಆರಿಸುತ್ತೇನೆ, ಅದು ಒತ್ತಿದರೂ ಬಹುಮಟ್ಟಿಗೆ ಮತ್ತೆ ಮೇಲೇಳುತ್ತದೆ. ಕಾರಿನ ಬಂಪರಿನೊಳಗೆ ಬಳಸುವ ಉಬ್ಬಿಸಿದ ಪಾಲಿಪ್ರೊಪಿಲೀನ್ ಪದೇ ಪದೇ ಬೀಳುವ ಪೆಟ್ಟನ್ನೂ ತಾಳುತ್ತದೆ. ದುಬಾರಿ, ಹಾಗಾಗಿ ಹೋಗಿ ಬರುವ ಟ್ರೇಗಳಿಗೆ ಮಾತ್ರ ಲೆಕ್ಕ ಹೊಂದುತ್ತದೆ.

ಪಾಲಿಯುರೇಥೇನ್ ಸ್ಪಂಜನ್ನು ತುಟಿಗಿಟ್ಟು ಊದಿದರೆ ಗಾಳಿ ಆಚೆ ಬರುತ್ತದೆ. ಅದರ ಕೋಶಗಳ, ಅಂದರೆ ಒಳಗಿನ ಸಣ್ಣ ಗುಳ್ಳೆಗಳ, ಬಾಯಿ ತೆರೆದಿರುತ್ತದೆ. ಹಾಗಾಗಿ ಸದ್ದನ್ನು ಹೀರುತ್ತದೆ, ನೀರನ್ನೂ ಹೀರುತ್ತದೆ. ಯಂತ್ರದ ಸದ್ದು ಅಡಗಿಸಲು ಪಾಲಿಎಥಿಲೀನ್ ಹಾಳೆ ಕೇಳುವವರಿಗೆ ನಾನು ಈ ಊದುವ ಪರೀಕ್ಷೆಯನ್ನೇ ತೋರಿಸುವುದು, ಅದರ ಮುಚ್ಚಿದ ಕೋಶಗಳಲ್ಲಿ ಗಾಳಿ ದಾಟುವುದೇ ಇಲ್ಲ. ಫ್ರಿಜ್ಜಿನ ಗೋಡೆಯೊಳಗಿನ ಗಟ್ಟಿ ಪಾಲಿಯುರೇಥೇನ್ ಇದೇ ಕುಟುಂಬದ್ದಾದರೂ ಅದರ ಕೋಶಗಳೂ ಮುಚ್ಚಿರುತ್ತವೆ. ಸ್ಪಂಜು ಕೊಳ್ಳುವಾಗ ಸಾಂದ್ರತೆಯನ್ನೇ ಗಡಸುತನ ಅಂದುಕೊಳ್ಳುವವರು ಬಹಳ. ಒಂದೇ ಸಾಂದ್ರತೆಯಲ್ಲಿ ಮೆತ್ತನೆಯದೂ ಸಿಗುತ್ತದೆ, ಗಟ್ಟಿಯದೂ ಸಿಗುತ್ತದೆ. ಆರ್ಡರಿನಲ್ಲಿ ಎರಡನ್ನೂ ಬರೆಯಲೇಬೇಕು.

ಅಂಟಿನ ವಿಷಯದಲ್ಲೂ ಎಚ್ಚರ ಬೇಕು. ದ್ರಾವಕವಿರುವ ಅಂಟು ಹಚ್ಚಿದರೆ ಥರ್ಮಾಕೋಲ್ ಕರಗಿ ಗುಂಡಿ ಬೀಳುತ್ತದೆ, ಅದಕ್ಕೆ ನೀರು ಆಧಾರಿತ ಅಂಟೇ ಸರಿ. ಗೋದಾಮಿನಲ್ಲಿ ತಿಂಗಳುಗಟ್ಟಲೆ ಭಾರ ಹೊತ್ತು ನಿಂತ ಫೋಮ್ ಕ್ರಮೇಣ ತೆಳುವಾಗಿ, ಉಪಕರಣ ಒಳಗೆ ಸಡಿಲವಾಗಿ ಅಲುಗಾಡತೊಡಗುತ್ತದೆ. ಆ ತೆಳುವಾಗುವಿಕೆಗೂ ಸೇರಿಸಿ ದಪ್ಪ ಇಡುತ್ತೇವೆ. ಎಲೆಕ್ಟ್ರಾನಿಕ್ ಬೋರ್ಡ್‌ಗಳಿಗೆ ಬಳಸುವ ಗುಲಾಬಿ ಫೋಮಿನಲ್ಲಿ ಕೆಲಸ ಮಾಡುವುದು ಬಣ್ಣವಲ್ಲ, ಸ್ಥಿರವಿದ್ಯುತ್ ಸೇರದಂತೆ ತಡೆಯಲು ಒಳಗೆ ಬೆರೆಸಿದ ರಾಸಾಯನಿಕ. ಅದರ ಶಕ್ತಿ ಕಾಲಕ್ರಮೇಣ ಕುಗ್ಗುತ್ತದೆ, ಒಣ ಹವೆಯಲ್ಲಿ ಇನ್ನಷ್ಟು ಕಡಿಮೆ. ಹಳೆಯ ಸ್ಟಾಕ್ ಎಷ್ಟೇ ಗುಲಾಬಿಯಾಗಿ ಕಂಡರೂ ಮೀಟರ್ ಇಟ್ಟು ನೋಡದೆ ಬಳಸುವುದಿಲ್ಲ.