ಲ್ಯಾಂಕಾಸ್ಟರ್‌ನ ಹಟಮಾರಿ ವಕೀಲ ಥ್ಯಾಡಿಯಸ್ ಸ್ಟೀವನ್ಸ್

ಊರಿಂದ ಅಪ್ಪ ಅಮ್ಮ ಬಂದರೆ ಅವರನ್ನು ಲ್ಯಾಂಕಾಸ್ಟರ್‌ಗೆ ಕರೆದುಕೊಂಡು ಹೋಗುವುದು ಪೆನ್ಸಿಲ್ವೇನಿಯಾದ ನಮ್ಮವರಲ್ಲಿ ವಾಡಿಕೆ. ಹಳೆಯ ಕಾಲದ ರೀತಿಯಲ್ಲೇ ಬದುಕುವ ಆಮಿಷ್ ಎಂಬ ಕ್ರೈಸ್ತ ಪಂಗಡದವರ ಕುದುರೆಗಾಡಿ, ಮುಸುಕಿನ ಜೋಳದ ಹೊಲ ನೋಡಿ ಅವರಿಗೂ ಖುಷಿ. ಅದೇ ಪೇಟೆಯಲ್ಲಿ ಚೆಸ್ಟ್‌ನಟ್ ಮತ್ತು ಮಲ್ಬೆರಿ ರಸ್ತೆ ಸೇರುವ ಕಡೆ ಒಂದು ಸಣ್ಣ ಸ್ಮಶಾನ ಇದೆ. ನಮ್ಮವರು ಅಲ್ಲಿಗೂ ಹೋಗಬೇಕು ಅಂತ ನನಗೆ ಆಸೆ. ಅಲ್ಲಿ ಮಲಗಿರುವ ಹತ್ತೊಂಬತ್ತನೇ ಶತಮಾನದ ವಕೀಲ, ಸಂಸದ ಥ್ಯಾಡಿಯಸ್ ಸ್ಟೀವನ್ಸ್ ಅವರ ಋಣ ನಮ್ಮ ಮಕ್ಕಳ ಮೇಲೂ ಇದೆ.

2025ರ ಜನವರಿಯಲ್ಲಿ ಹುಟ್ಟಿನಿಂದ ಸಿಗುವ ಪೌರತ್ವಕ್ಕೆ ಕತ್ತರಿ ಹಾಕುವ ಅಧ್ಯಕ್ಷರ ಆದೇಶ ಬಂತಲ್ಲ, ಆಗ ವೀಸಾದ ಮೇಲಿರುವ ಮನೆಗಳಲ್ಲಿ ಅದೇ ಮಾತು, ಅದೇ ಚಿಂತೆ. ಎಲ್ಲರ ಬಾಯಲ್ಲೂ 14ನೇ ತಿದ್ದುಪಡಿ. ಅಮೆರಿಕದ ನೆಲದಲ್ಲಿ ಹುಟ್ಟಿದವರು ಇಲ್ಲಿನ ಪ್ರಜೆಗಳು ಎನ್ನುವ ಮಾತು ಸಂವಿಧಾನಕ್ಕೆ ಬಂದಿದ್ದು ಅದರಿಂದ. ಆ ಸಾಲನ್ನು ಸೇರಿಸಿದ್ದು ಅಮೆರಿಕದ ಸಂಸತ್ತಿನ ಮೇಲ್ಮನೆಯಾದ ಸೆನೆಟ್. ಆದರೆ ಕೆಳಮನೆಯಲ್ಲಿ ತಿದ್ದುಪಡಿಯನ್ನು ಮುಂದೆ ನಿಂತು ದಡ ಸೇರಿಸಿದವರು ಸ್ಟೀವನ್ಸ್. ಅದು ಅವರು ಬಯಸಿದಷ್ಟು ಗಟ್ಟಿಯಾಗಿರಲಿಲ್ಲ. ಆದರೂ ಯಾಕೆ ಒಪ್ಪಿದಿರಿ ಅಂದರೆ, ನಾನು ಬದುಕುತ್ತಿರುವುದು ಮನುಷ್ಯರ ನಡುವೆ, ದೇವತೆಗಳ ನಡುವೆ ಅಲ್ಲ ಎಂದು 1866ರ ಜೂನ್ 13ರಂದು ಸದನದಲ್ಲೇ ಹೇಳಿದರು.

ಅವರು ಹುಟ್ಟಿದ್ದು 1792ರಲ್ಲಿ, ವರ್ಮಾಂಟ್‌ನ ಡ್ಯಾನ್‌ವಿಲ್‌ನಲ್ಲಿ. ಹುಟ್ಟುವಾಗಲೇ ಒಂದು ಪಾದ ಸೊಟ್ಟ. ಅಪ್ಪ ಮನೆ ಬಿಟ್ಟು ಹೋದರು. ಮಕ್ಕಳನ್ನು ಓದಿಸಿದ್ದು ಅಮ್ಮ ಸಾರಾ. ಡಾರ್ಟ್‌ಮತ್ ಕಾಲೇಜು ಮುಗಿಸಿ ಪೆನ್ಸಿಲ್ವೇನಿಯಾಕ್ಕೆ ಬಂದು, 1816ರಲ್ಲಿ ಗೆಟಿಸ್‌ಬರ್ಗ್‌ನಲ್ಲಿ ವಕೀಲಿಕೆ ಶುರು ಮಾಡಿದರು.

ಅವರನ್ನು ಹೊಗಳುವಾಗ 1821ರ ಕೇಸೊಂದನ್ನು ಮುಚ್ಚಿಡಬಾರದು. ಚಾರಿಟಿ ಬಟ್ಲರ್ ಎಂಬ ಗುಲಾಮ ಹೆಂಗಸು ಬಿಡುಗಡೆ ಕೇಳಿ ಕೋರ್ಟಿಗೆ ಹೋದಳು. ಆರು ತಿಂಗಳು ಪೆನ್ಸಿಲ್ವೇನಿಯಾದಲ್ಲಿ ಇಟ್ಟುಕೊಂಡರೆ ಗುಲಾಮರು ಸ್ವತಂತ್ರರು ಎನ್ನುವ ಕಾನೂನು ಆಗ ಇತ್ತು. ಬೇರೆ ಬೇರೆ ಸಲ ಬಂದು ಇದ್ದ ದಿನ ಕೂಡಿಸಿದರೆ ಆರು ತಿಂಗಳು ದಾಟುತ್ತದೆ ಎಂದು ಅವಳ ವಾದ. ಹಾಗೆ ಕೂಡಿಸುವಂತಿಲ್ಲ, ಒಂದೇ ಸಮನೆ ಇದ್ದಿರಬೇಕು ಎಂದು ಮಾಲೀಕನ ಪರ ವಾದಿಸಿ ಗೆದ್ದವರು ಇದೇ ಸ್ಟೀವನ್ಸ್. ಅವಳೂ ಅವಳ ಮಕ್ಕಳೂ ಗುಲಾಮರಾಗಿಯೇ ಉಳಿದರು. ಎಂಥ ಗೆಲುವು ಅದು! ಮುಂದೆ ಅವರು ಗುಲಾಮಗಿರಿಯ ಕಡು ವೈರಿಯಾದರು. ಅದರಿಂದ ಚಾರಿಟಿಗೆ ಏನೂ ಸಿಗಲಿಲ್ಲ.

1833ರಲ್ಲಿ ರಾಜ್ಯದ ಶಾಸನಸಭೆಗೆ ಆರಿಸಿ ಬಂದರು. ಮರುವರ್ಷ ಎಲ್ಲ ಮಕ್ಕಳಿಗೂ ಪುಕ್ಕಟೆ ಶಾಲೆಯ ಕಾನೂನು ಬಂತು. ಬೇರೆಯವರ ಮಕ್ಕಳಿಗೆ ನಾವ್ಯಾಕೆ ತೆರಿಗೆ ಕಟ್ಟಬೇಕು ಎಂದು ಜನ ಸಿಟ್ಟಾದರು. 1835ರಲ್ಲಿ ಆ ಕಾನೂನನ್ನು ತೆಗೆದುಹಾಕಲು ರಾಜ್ಯದ ಸೆನೆಟ್ ಒಪ್ಪಿಯೂ ಬಿಟ್ಟಿತ್ತು. ತಮ್ಮ ಕ್ಷೇತ್ರದವರೇ ವಿರೋಧವಾಗಿದ್ದರೂ ಸ್ಟೀವನ್ಸ್ ಎದ್ದು ಮಾತಾಡಿದರು. ಶಾಲೆ ಉಳಿಯಿತು. ಇದೇ ರಾಜ್ಯದ ಸರ್ಕಾರಿ ಶಾಲೆಗೆ ಮಕ್ಕಳನ್ನು ಕಳಿಸುವ ನನಗೆ ಅವರ ಬದುಕಿನಲ್ಲಿ ಇದೇ ಎಲ್ಲಕ್ಕಿಂತ ದೊಡ್ಡದು ಅನಿಸುತ್ತದೆ.

1842ರಲ್ಲಿ ಲ್ಯಾಂಕಾಸ್ಟರ್‌ಗೆ ಬಂದು ನೆಲೆಸಿದರು. ಮನೆವಾರ್ತೆ ನೋಡಿಕೊಂಡವರು ಲಿಡಿಯಾ ಹ್ಯಾಮಿಲ್ಟನ್ ಸ್ಮಿತ್ ಎಂಬ ಮಿಶ್ರ ವಂಶದ ಮಹಿಳೆ. ಆಮೇಲೆ ಸ್ವಂತ ದುಡಿಮೆಯಿಂದ ಆಸ್ತಿ ಮಾಡಿದ ಜಾಣೆ. ಆ ಮನೆಯ ಹಿಂದೆ ಅಗೆದಾಗ ಒಂದು ಹಳೆಯ ನೀರಿನ ತೊಟ್ಟಿ ಸಿಕ್ಕಿತು. ಓಡಿಬಂದ ಗುಲಾಮರನ್ನು ಅದರಲ್ಲಿ ಬಚ್ಚಿಟ್ಟಿರಬೇಕು ಎಂದು ಅಗೆದವರ ಅಭಿಪ್ರಾಯ. 1851ರಲ್ಲಿ ಹತ್ತಿರದ ಕ್ರಿಸ್ಟಿಯಾನಾದಲ್ಲಿ ಗುಲಾಮರನ್ನು ಹಿಡಿಯಲು ಬಂದ ಮಾಲೀಕನೊಬ್ಬ ಜಗಳದಲ್ಲಿ ಸತ್ತ. ಹಿಡಿಯಲು ನೆರವಾಗದ ಕ್ಯಾಸ್ಟ್ನರ್ ಹ್ಯಾನ್‌ವೇ ಎಂಬ ಗಿರಣಿಯವನ ಮೇಲೆ ದೇಶದ್ರೋಹದ ಕೇಸು ಬಿತ್ತು. ಅವನ ಪರ ವಕೀಲರಲ್ಲಿ ಸ್ಟೀವನ್ಸ್ ಒಬ್ಬರು. ಜ್ಯೂರಿ ಕಾಲು ಗಂಟೆಯಲ್ಲೇ ಅವನನ್ನು ಬಿಟ್ಟಿತು.

ಗುಲಾಮಗಿರಿಯ ವಿಚಾರದಲ್ಲಿ ಉತ್ತರ ಮತ್ತು ದಕ್ಷಿಣದ ರಾಜ್ಯಗಳ ನಡುವೆ ನಡೆದ ಅಂತರ್ಯುದ್ಧದ ಕಾಲದಲ್ಲಿ, ಅಮೆರಿಕದ ಸಂಸತ್ತಾದ ಕಾಂಗ್ರೆಸ್ಸಿನ ಕೆಳಮನೆಯ ಹಣಕಾಸು ಸಮಿತಿ ಅವರ ಕೈಯಲ್ಲಿತ್ತು. 1863ರಲ್ಲಿ ದಕ್ಷಿಣದ ಸೈನ್ಯ ಅವರ ಕಬ್ಬಿಣದ ಕಾರ್ಖಾನೆಗೆ ಬೆಂಕಿ ಇಟ್ಟಿತು. ಯುದ್ಧ ಮುಗಿದ ಮೇಲೆ, ದೊಡ್ಡ ಜಮೀನ್ದಾರರ ಭೂಮಿ ಕಿತ್ತು ಬಿಡುಗಡೆಯಾದ ಪ್ರತಿ ವಯಸ್ಕ ಗಂಡಸಿಗೂ 40 ಎಕರೆ ಕೊಡಿ ಎಂದು ಕೇಳಿದರು. ಯಾರೂ ಕಿವಿಗೊಡಲಿಲ್ಲ. ಆ ಭೂಮಿ ಸಿಕ್ಕಿದ್ದರೆ ಇಲ್ಲಿನ ಕಪ್ಪು ಜನರ ಪಾಡು ಬೇರೆಯೇ ಆಗುತ್ತಿತ್ತು ಎಂದು ನಾನು ನಂಬಿದ್ದೇನೆ.

14ನೇ ತಿದ್ದುಪಡಿಗೆ ಬೇಕಾದಷ್ಟು ರಾಜ್ಯಗಳ ಒಪ್ಪಿಗೆ ಸಿಕ್ಕಿದ್ದು 1868ರ ಜುಲೈನಲ್ಲಿ. ಆಗಸ್ಟ್ 11ಕ್ಕೆ ಸ್ಟೀವನ್ಸ್ ತೀರಿಕೊಂಡರು. ಬೇರೆ ಸ್ಮಶಾನಗಳಲ್ಲಿ ಬಣ್ಣ ನೋಡಿ ಜಾಗ ಕೊಡುವ ನಿಯಮ ಇತ್ತು. ಅದಕ್ಕೇ ಎಲ್ಲರನ್ನೂ ಸೇರಿಸಿಕೊಳ್ಳುವ ಈ ಸಣ್ಣ ಜಾಗವನ್ನು ಅವರು ಆರಿಸಿಕೊಂಡರು. ನಾನು ಇಲ್ಲಿ ಮಲಗಿರುವುದು ಏಕಾಂತದ ಆಸೆಗಲ್ಲ, ಬದುಕಿನುದ್ದಕ್ಕೂ ಹೇಳಿದ್ದನ್ನು ಸಾವಿನಲ್ಲೂ ತೋರಿಸಲಿಕ್ಕೆ ಎಂದು ಕಲ್ಲಿನ ಮೇಲೆ ಬರೆಸಿದ್ದಾರೆ.

ಅವರ ಉಯಿಲು ಇನ್ನೂ ಖಡಕ್ಕು. ಅನಾಥ ಮಕ್ಕಳ ಆಶ್ರಮಕ್ಕೆ 50,000 ಡಾಲರ್ ಬರೆದಿಟ್ಟರು. ಸೇರಿಸಿಕೊಳ್ಳುವಾಗ ಬಣ್ಣ ನೋಡಬಾರದು, ಒಂದೇ ತರಗತಿಯಲ್ಲಿ ಕಲಿಸಬೇಕು, ಒಂದೇ ಮೇಜಿನಲ್ಲಿ ಊಟ ಹಾಕಬೇಕು ಎಂದು ಷರತ್ತು ಹಾಕಿದರು. ಪಂಕ್ತಿಭೇದ ಕಂಡ ನಮಗೆ ಆ ಊಟದ ಸಾಲು ಎಷ್ಟು ದೊಡ್ಡದು ಅಂತ ಬಿಡಿಸಿ ಹೇಳಬೇಕಿಲ್ಲ, ಅಲ್ವಾ? 1905ರಲ್ಲಿ ಆ ಉಯಿಲಿನಿಂದಲೇ ಒಂದು ಶಾಲೆ ಹುಟ್ಟಿತು. ಈಗ ಅದು ಅವರ ಹೆಸರಿನ ತಾಂತ್ರಿಕ ಕಾಲೇಜು. ಬಡ ಮನೆಯ ಹುಡುಗ ಹುಡುಗಿಯರು ಅಲ್ಲಿ ಮರಗೆಲಸ, ವೆಲ್ಡಿಂಗ್, ಕರೆಂಟಿನ ಕೆಲಸ ಕಲಿಯುತ್ತಿದ್ದಾರೆ.